ಹರಿದ ಕಾಗದಗಳ ವಿದ್ಯೆ: ಯೆಹೂದ್ಯರ ಪಾಂಡಿತ್ಯವನ್ನು ಕುರಿತು ಒಂದು ಅಭ್ಯಾಸ ಪಾಠ

೧. ಪೀಠಿಕೆ

ಆಳಂದ, ಅಫಜಲಪುರ, ಜೇವರ್ಗಿ ಈ ಮೂರು ತಾಲೂಕುಗಳ ಹಳೆಯ ಮನೆಗಳಲ್ಲಿ ಅಟ್ಟದ ಮೇಲೋ ಗೋಡೆಯ ಗೂಡಿನಲ್ಲಿಯೋ ಬಟ್ಟೆಯಲ್ಲಿ ಸುತ್ತಿಟ್ಟ ಕಾಗದಗಳ ಗಂಟು ಒಂದು ಇರುವುದುಂಟು. ಅದನ್ನು ಬಿಚ್ಚಿದರೆ ಉರ್ದುವಿನಲ್ಲಿ ಬರೆದ ಜಮೀನಿನ ಪತ್ರಗಳು, ಮೋಡಿ ಲಿಪಿಯ ಲೆಕ್ಕದ ಹಾಳೆಗಳು, ಕನ್ನಡದ ಹಾಡಿನ ವಹಿಗಳು ಹೊರಬೀಳುತ್ತವೆ. ಮನೆಯವರಲ್ಲಿ ಅವುಗಳನ್ನು ಓದಬಲ್ಲವರು ವಿರಳ. ಆದುದರಿಂದ ಹಬ್ಬಕ್ಕೆ ಗೋಡೆಗಳಿಗೆ ಸುಣ್ಣ ಬಳಿಯುವಾಗ ಆ ಗಂಟು ಒಲೆಯ ಪಾಲಾಗುವುದೂ ಉಂಟು, ಹೊಳೆಯ ಪಾಲಾಗುವುದೂ ಉಂಟು. ಓದಲು ಬಾರದ ಕಾಗದದಿಂದ ಪ್ರಯೋಜನವೇನೆಂದು ಕೇಳುವವರ ಮಾತು ಮೇಲೆ ನೋಡಿದರೆ ನ್ಯಾಯವಾಗಿಯೇ ಕಾಣುತ್ತದೆ.

ಈ ಪ್ರಶ್ನೆಗೆ ಉತ್ತರ ಕೊಡುವ ಒಂದು ಚರಿತ್ರೆಯನ್ನು ಈ ಪಾಠದಲ್ಲಿ ವಿಚಾರಿಸೋಣ. ಅದು ಯೆಹೂದ್ಯರ ವಿದ್ಯೆಗೆ ಸಂಬಂಧಪಟ್ಟದ್ದು; ಅದರ ಮುಖ್ಯ ಸ್ಥಳ ಐಗುಪ್ತ ದೇಶ. ಆದರೆ ಅದರ ಒಂದು ತುದಿ ನಮ್ಮ ಮಂಗಳೂರಿನಲ್ಲಿದೆ. ಆ ವಿದ್ಯೆ ಬೆಳಕಿಗೆ ಬರುವುದಕ್ಕೆ ನಿಮಿತ್ತರಾದವರು ಇಬ್ಬರು ಸ್ತ್ರೀಯರು ಎಂಬುದನ್ನು ನಮ್ಮ ಸೋದರಿಯರು ಮುಖ್ಯವಾಗಿ ಗಮನಿಸಬೇಕು.

೨. ಇಬ್ರಿಯ ಭಾಷೆ ನಮಗೆ ಎಷ್ಟು ದೂರ?

ಹೀಬ್ರೂ ಎಂದು ಇಂಗ್ಲಿಷರು ಕರೆಯುವ ಇಬ್ರಿಯ ಭಾಷೆಯಲ್ಲಿಯೇ ಹಳೆಯ ಒಡಂಬಡಿಕೆಯು, ಕೆಲವು ಭಾಗಗಳ ಹೊರತು, ಮೊದಲು ಬರೆಯಲ್ಪಟ್ಟಿತು. ಈ ಭಾಷೆಗೆ ಇಪ್ಪತ್ತೆರಡು ಅಕ್ಷರಗಳಿವೆ. ಉರ್ದುವಿನಂತೆ ಇದನ್ನೂ ಬಲದಿಂದ ಎಡಕ್ಕೆ ಬರೆಯುವರು. ಸಾಮಾನ್ಯ ಬರಹದಲ್ಲಿ ಹೆಚ್ಚಾಗಿ ವ್ಯಂಜನಗಳನ್ನು ಮಾತ್ರ ಬರೆದು, ಸ್ವರಗಳನ್ನು ಓದುಗನ ತಿಳಿವಳಿಕೆಗೆ ಬಿಡುವರು. ಈ ಕಡೆಯ ಸಂಗತಿಯನ್ನು ನೆನಪಿನಲ್ಲಿಟ್ಟುಕೊಳ್ಳಿರಿ; ಮುಂದೆ ಒಬ್ಬ ಕನ್ನಡಿಗನ ಹೆಸರನ್ನು ಬಿಡಿಸುವಾಗ ಅದು ಬೇಕಾಗುವುದು.

ನಮ್ಮ ಭಾಗದವರಿಗೆ ಈ ಭಾಷೆ ತೀರ ಹೊರಗಿನದಲ್ಲ. ಇಬ್ರಿಯವೂ ಅರಬ್ಬಿಯೂ ಒಂದೇ ಕುಟುಂಬದ ಭಾಷೆಗಳು. ಅರಬ್ಬಿಯ ನೂರಾರು ಮಾತುಗಳು ಉರ್ದುವಿನ ಮೂಲಕ ನಮ್ಮ ಸಂತೆಗೂ ಕಚೇರಿಗೂ ಬಂದಿವೆ. ನಾವು ಸಲಾಮ್ ಎನ್ನುವಲ್ಲಿ ಇಬ್ರಿಯರು ಶಾಲೋಮ್ ಎನ್ನುವರು. ಅಂಗಡಿಯವನ ಹಿಸಾಬಿಗೆ ಅವರಲ್ಲಿ ಹೆಶ್ಬೋನ್ ಎಂದು ಹೆಸರು. ಹೊಲದ ಒಡೆಯನು ನಮಗೆ ಮಾಲಿಕನಾದರೆ, ದೇಶದ ಅರಸನು ಅವರಿಗೆ ಮೆಲೆಕ್. ಕ, ತ, ಬ ಎಂಬ ಮೂರು ವ್ಯಂಜನಗಳ ಒಂದೇ ಧಾತುವಿನಿಂದ ನಮಗೆ ಪರಿಚಯವಿರುವ ಕಿತಾಬು, ಮಕ್ತಬ್, ಕುತುಬ್ ಖಾನೆ ಎಂಬ ಮಾತುಗಳು ಹುಟ್ಟಿರುವಂತೆ, ವಿವಾಹದ ಕರಾರುಪತ್ರಕ್ಕೆ ಯೆಹೂದ್ಯರು ಕೊಟ್ಟಿರುವ ಕೆತುಬ್ಬಾ ಎಂಬ ಹೆಸರೂ ಹುಟ್ಟಿದೆ. ನಮ್ಮ ಶಾಲೆಗಳ ಹಾಜರಿ ಪಟ್ಟಿಯನ್ನೇ ತೆಗೆದು ನೋಡಬಹುದು. ಸಾರಮ್ಮ, ರೂತಮ್ಮ, ಹನ್ನಮ್ಮ ಎಂಬ ಕ್ರೈಸ್ತ ಬಾಲಿಕೆಯರ ಹೆಸರುಗಳೂ, ಮರಿಯಮ್, ಸಾರಾ ಎಂಬ ಮುಸಲ್ಮಾನ ಬಾಲಿಕೆಯರ ಹೆಸರುಗಳೂ ಇಬ್ರಿಯ ಗ್ರಂಥಗಳಲ್ಲಿ ಬರುವ ಹೆಸರುಗಳೇ ಆಗಿವೆ.

೩. ಗೆನಿಜಾ ಎಂದರೇನು?

ದೇವರ ನಾಮವನ್ನು ಬರೆದ ಕಾಗದವನ್ನು ಹರಿದು ಬಿಸಾಡಬಾರದು, ಸುಡಲೂಬಾರದು ಎಂಬುದು ಯೆಹೂದ್ಯರ ನಿಯಮ. ಗ್ರಂಥವು ಜೀರ್ಣವಾದಾಗ ಅದನ್ನು ಒಂದು ಕೋಣೆಯಲ್ಲಿಟ್ಟು, ಕಾಲಾನಂತರ ಸತ್ತವರನ್ನು ಹೂಳುವಂತೆ ಮರ್ಯಾದೆಯಿಂದ ಹೂಳುವರು. ಅಂಥ ಕೋಣೆಗೆ ಗೆನಿಜಾ ಎಂದು ಹೆಸರು. ಕೈರೋ ಪಟ್ಟಣದ ಹಳೆಯ ಭಾಗವಾದ ಫುಸ್ತಾತಿನಲ್ಲಿ ಬೆನ್ ಎಜ್ರಾ ಎಂಬ ಸಭಾಮಂದಿರವಿದೆ. ಅದರ ಗೆನಿಜಾಕ್ಕೆ ಬಾಗಿಲಿರಲಿಲ್ಲ. ಗೋಡೆಯ ಮೇಲ್ಭಾಗದ ಒಂದು ಕಂಡಿಯಿಂದ ಕಾಗದಗಳನ್ನು ಒಳಕ್ಕೆ ಹಾಕುತ್ತಿದ್ದರು. ಸುಮಾರು ಒಂಬತ್ತು ನೂರು ವರ್ಷಗಳ ಕಾಲ ಹೀಗೆ ಹಾಕಿದ ಕಾಗದಗಳಲ್ಲಿ ಬಹುಭಾಗವನ್ನು ಹೂಳದೆ ಅಲ್ಲಿಯೇ ಬಿಟ್ಟಿದ್ದರು. ಐಗುಪ್ತದ ಹವೆಯು ಬಹಳ ಒಣಗಿದ್ದು. ಆದಕಾರಣ ಅವು ಕೊಳೆಯದೆ ಉಳಿದವು.

ಇಬ್ರಿಯ ಅಕ್ಷರಗಳೇ ಗೌರವಕ್ಕೆ ಪಾತ್ರವೆಂದು ಭಾವಿಸಿ ಜನರು ಪ್ರಾರ್ಥನಾ ಪುಸ್ತಕಗಳೊಂದಿಗೆ ಇತರ ಕಾಗದಗಳನ್ನೂ ಅಲ್ಲಿ ಹಾಕಿದರು. ವರ್ತಕರ ಪತ್ರಗಳು, ಸಾಲದ ಚೀಟಿಗಳು, ವಿವಾಹದ ಕರಾರುಗಳು, ಮದುಮಗಳ ಒಡವೆ ವಸ್ತ್ರಗಳ ಪಟ್ಟಿಗಳು, ವೈದ್ಯರ ಔಷಧಿ ಚೀಟಿಗಳು, ಅಕ್ಷರ ಕಲಿಯುವ ಮಕ್ಕಳಿಗೋಸ್ಕರ ಬಣ್ಣದಲ್ಲಿ ಬರೆದ ಪುಟಗಳು, ಇವೆಲ್ಲವೂ ಅಲ್ಲಿದ್ದವು. ಅರಸರ ಚರಿತ್ರೆಯನ್ನು ಶಿಲಾಶಾಸನಗಳು ಹೇಳುತ್ತವೆ. ಸಾಧಾರಣ ಗೃಹಸ್ಥರು ಏನು ಉಂಡರು, ಎಷ್ಟು ಸಾಲ ಮಾಡಿದರು, ಮಗಳ ಮದುವೆಗೆ ಏನು ಕೊಟ್ಟರು ಎಂಬುದನ್ನು ಹೇಳುವ ಇಂಥ ಭಂಡಾರವು ಲೋಕದಲ್ಲಿ ಬಹಳ ಅಪೂರ್ವ.

೪. ಇಬ್ಬರು ಸೋದರಿಯರು

ಸ್ಕಾಟ್ಲೆಂಡ್ ದೇಶದಲ್ಲಿ ೧೮೪೩ರಲ್ಲಿ ಆಗ್ನೆಸ್, ಮಾರ್ಗರೆಟ್ ಎಂಬ ಅವಳಿ ಹೆಣ್ಣುಮಕ್ಕಳು ಹುಟ್ಟಿದರು. ಅವರು ಹುಟ್ಟಿದ ಸ್ವಲ್ಪ ಕಾಲದಲ್ಲಿಯೇ ತಾಯಿ ತೀರಿಕೊಂಡಳು. ತಂದೆಯು ವಕೀಲನಾಗಿದ್ದನು. ಯಾವ ದೇಶದ ಭಾಷೆಯನ್ನು ನೀವು ಕಲಿಯುವಿರೋ ಆ ದೇಶಕ್ಕೆ ನಿಮ್ಮನ್ನು ಕರೆದುಕೊಂಡು ಹೋಗುವೆನೆಂದು ಅವನು ಮಕ್ಕಳಿಗೆ ಮಾತು ಕೊಟ್ಟಿದ್ದನೆಂದು ಅವರ ಚರಿತ್ರೆಯಲ್ಲಿ ಹೇಳಿದೆ. ಪರಿಣಾಮವಾಗಿ ಬಾಲ್ಯದಲ್ಲಿಯೇ ಅವರು ಅನೇಕ ಭಾಷೆಗಳನ್ನು ಕಲಿತರು. ಇಬ್ಬರೂ ನಡುವಯಸ್ಸಿನಲ್ಲಿ ವಿವಾಹವಾಗಿ, ಕೆಲವೇ ವರ್ಷಗಳಲ್ಲಿ ವಿಧವೆಯರಾದರು. ಶ್ರೀಮತಿ ಲೂಯಿಸ್, ಶ್ರೀಮತಿ ಗಿಬ್ಸನ್ ಎಂಬ ಹೆಸರುಗಳಿಂದ ವಿದ್ವಾಂಸರು ಇವರನ್ನು ಬಲ್ಲರು.

ದುಃಖದಲ್ಲಿ ಮನೆಯ ಮೂಲೆಯನ್ನು ಸೇರದೆ ಈ ಸೋದರಿಯರು ವಿದ್ಯೆಯನ್ನು ಹಿಡಿದರು. ಆಗ್ನೆಸಳು ಐವತ್ತರ ಸಮೀಪದಲ್ಲಿ ಸಿರಿಯ ಭಾಷೆಯನ್ನು ಕಲಿತು, ೧೮೯೨ರಲ್ಲಿ ತಂಗಿಯೊಡನೆ ಒಂಟೆಗಳ ಮೇಲೆ ಮರುಭೂಮಿಯನ್ನು ದಾಟಿ ಸೀನಾಯಿ ಬೆಟ್ಟದ ಬುಡದಲ್ಲಿರುವ ಮಠಕ್ಕೆ ಹೋದಳು. ಅಲ್ಲಿ ಒಂದು ಹಳೆಯ ತೊಗಲಿನ ಪುಸ್ತಕದಲ್ಲಿ ಮೇಲಣ ಬರಹದ ಕೆಳಗೆ ಅಳಿಸಲ್ಪಟ್ಟಿದ್ದ ಮತ್ತೊಂದು ಬರಹವನ್ನು ಕಂಡಳು. ಅದು ಸಿರಿಯ ಭಾಷೆಯಲ್ಲಿರುವ ಸುವಾರ್ತೆಗಳ ಅತಿ ಪ್ರಾಚೀನ ಪ್ರತಿಗಳಲ್ಲಿ ಒಂದೆಂದು ಪಂಡಿತರು ಒಪ್ಪಿಕೊಂಡರು.

೧೮೯೬ರಲ್ಲಿ ಪೂರ್ವದೇಶಗಳ ಸಂಚಾರದಿಂದ ಹಿಂದಿರುಗಿದಾಗ ಸೋದರಿಯರ ಪೆಟ್ಟಿಗೆಯಲ್ಲಿ ಹಳೆಯ ಇಬ್ರಿಯ ಹಾಳೆಗಳ ಒಂದು ಕಟ್ಟು ಇತ್ತು. ಅವುಗಳಲ್ಲಿ ತಮಗೆ ಗುರುತು ಸಿಕ್ಕದವುಗಳನ್ನು ಕೇಂಬ್ರಿಜಿನಲ್ಲಿ ಯೆಹೂದ್ಯ ಶಾಸ್ತ್ರಗಳ ಅಧ್ಯಾಪಕನಾಗಿದ್ದ ಸಾಲೊಮನ್ ಶೆಕ್ಟರನಿಗೆ ತೋರಿಸಿದರು. ಮೇ ೧೩ನೆಯ ತಾರೀಕಿನಂದು ಅವನು ಅವುಗಳಲ್ಲಿ ಒಂದು ಹಾಳೆಯನ್ನು ಕಂಡು ಬೆರಗಾದನು. ಅದು ಸೀರನ ಮಗನ ಜ್ಞಾನಗ್ರಂಥದ ಇಬ್ರಿಯ ಮೂಲದ ಹಾಳೆಯಾಗಿತ್ತು. ಕ್ರಿಸ್ತನಿಗಿಂತ ಸುಮಾರು ನೂರ ಎಂಬತ್ತು ವರ್ಷಗಳ ಮುಂಚೆ ಬರೆಯಲ್ಪಟ್ಟ ಆ ಗ್ರಂಥವು ಬಹುಕಾಲದಿಂದ ಗ್ರೀಕು, ಸಿರಿಯ ಮುಂತಾದ ಭಾಷಾಂತರಗಳಲ್ಲಿ ಮಾತ್ರ ಓದಲ್ಪಡುತ್ತಿತ್ತು. ಈ ಹಾಳೆ ಬಂದ ಸ್ಥಳವನ್ನು ಹುಡುಕಿಕೊಂಡು ಶೆಕ್ಟರನು ಅದೇ ವರ್ಷದ ದಶಂಬರದಲ್ಲಿ ಕೈರೋವಿಗೆ ಹೊರಟನು. ಸಭಾಮಂದಿರದ ಹಿರಿಯರ ಒಪ್ಪಿಗೆಯನ್ನು ಪಡೆದು, ಧೂಳಿನಲ್ಲಿ ಅನೇಕ ದಿನ ದುಡಿದು, ೧೮೯೭ರಲ್ಲಿ ಆ ಭಂಡಾರದ ಬಹುಭಾಗವನ್ನು ಕೇಂಬ್ರಿಜಿಗೆ ತಂದನು. ಅವನ ಹೆಸರಿನ ಸಂಗ್ರಹದಲ್ಲಿಯೇ ಸುಮಾರು ೧,೯೩,೦೦೦ ತುಂಡುಗಳಿವೆ.

ಇಲ್ಲಿ ಒಂದು ಸಂಗತಿಯನ್ನು ಹೇಳದೆ ಮುಂದೆ ಹೋಗಲಾಗದು. ಅದೇ ೧೮೯೭ರಲ್ಲಿ ಸ್ತ್ರೀಯರಿಗೆ ಪದವಿಯ ಹೆಸರನ್ನು ಕೊಡಬಹುದೇ ಎಂಬ ಪ್ರಶ್ನೆ ಕೇಂಬ್ರಿಜ್ ವಿಶ್ವವಿದ್ಯಾಲಯದ ಮುಂದೆ ಬಂದು, ಕೂಡದೆಂದು ಬಹುಮತದಿಂದ ತೀರ್ಮಾನವಾಯಿತು. ಆ ವಿಶ್ವವಿದ್ಯಾಲಯವು ಸ್ತ್ರೀಯರಿಗೆ ಪೂರ್ಣ ಪದವಿಯನ್ನು ಕೊಟ್ಟದ್ದು ೧೯೪೮ರಲ್ಲಿ. ಲೂಯಿಸ್ ಮತ್ತು ಗಿಬ್ಸನ್ ಸೋದರಿಯರಿಗೆ ಬೇರೆ ವಿಶ್ವವಿದ್ಯಾಲಯಗಳು ಗೌರವ ಪದವಿಗಳನ್ನು ಕೊಟ್ಟವು. ತಾವು ವಾಸವಾಗಿದ್ದ ಊರಿನದು ಕೊಡಲಿಲ್ಲ. ಬಾಗಿಲು ಮುಚ್ಚಿದ್ದರೂ ಅವರು ಓದುವುದನ್ನು ನಿಲ್ಲಿಸಲಿಲ್ಲ. ಮಾರ್ಗರೆಟ್ ೧೯೨೦ರಲ್ಲಿಯೂ ಆಗ್ನೆಸ್ ೧೯೨೬ರಲ್ಲಿಯೂ ತೀರಿಕೊಂಡರು.

೫. ಮಂಗಳೂರಿನ ಯೆಹೂದ್ಯ ವರ್ತಕನು

ಈ ಭಂಡಾರದ ಕಾಗದಗಳಲ್ಲಿ ಅಬ್ರಹಾಮ್ ಬೆನ್ ಯಿಜು ಎಂಬವನ ಹೆಸರು ಮತ್ತೆ ಮತ್ತೆ ಬರುತ್ತದೆ. ಉತ್ತರ ಆಫ್ರಿಕದ ಮಹ್ದಿಯ ಎಂಬ ಪಟ್ಟಣದವನಾದ ಇವನು ಏಡನ್ನಿಗೆ ಬಂದು, ಅಲ್ಲಿಂದ ಸಮುದ್ರವನ್ನು ದಾಟಿ, ೧೧೩೨ರ ಹೊತ್ತಿಗೆ ಮಂಗಳೂರಿನಲ್ಲಿ ನೆಲಸಿದ್ದನು. ಆಗ ಆಳಂದ ಮೊದಲಾದ ನಮ್ಮ ಪ್ರದೇಶವು ಕಲ್ಯಾಣದ ಚಾಲುಕ್ಯರ ಆಳಿಕೆಯಲ್ಲಿತ್ತು. ಮೂರನೆಯ ಸೋಮೇಶ್ವರನು ಸಿಂಹಾಸನದಲ್ಲಿದ್ದನು. ಬೆನ್ ಯಿಜುವು ಮೆಣಸು, ಏಲಕ್ಕಿ, ಅಡಿಕೆ, ಕಬ್ಬಿಣಗಳನ್ನು ಏಡನ್ನಿಗೆ ಕಳುಹಿಸುತ್ತಿದ್ದನು. ಹಳೆಯ ತಾಮ್ರ ಹಿತ್ತಾಳೆಗಳನ್ನು ಅಲ್ಲಿಂದ ತರಿಸಿ, ಕಂಚುಗಾರರಿಂದ ಹೊಸ ಪಾತ್ರೆಗಳನ್ನು ಮಾಡಿಸಿ ಮತ್ತೆ ಅಲ್ಲಿಗೇ ಕಳುಹಿಸುವ ಕಾರ್ಖಾನೆಯೂ ಅವನಿಗೆ ಇತ್ತು.

ಅವನು ವ್ಯಾಪಾರದಲ್ಲಿ ಮಾತ್ರವೇ ನಿಪುಣನಾಗಿರಲಿಲ್ಲ. ಇಬ್ರಿಯ ಭಾಷೆಯಲ್ಲಿ ಕವಿತೆಗಳನ್ನು ರಚಿಸುತ್ತಿದ್ದನು, ಅಂದವಾದ ಕೈಬರಹ ಉಳ್ಳವನಾಗಿದ್ದನು, ಧರ್ಮಶಾಸ್ತ್ರವನ್ನು ಬಲ್ಲವನಾಗಿದ್ದನು. ಹೀಗೆ ಇಬ್ರಿಯ ವಿದ್ವಾಂಸನೂ ಕವಿಯೂ ಆದ ಒಬ್ಬನು ಹನ್ನೆರಡನೆಯ ಶತಮಾನದಲ್ಲಿ ಕನ್ನಡ ನಾಡಿನ ಕರಾವಳಿಯಲ್ಲಿ ಹದಿನೇಳು ವರ್ಷಗಳಷ್ಟು ಕಾಲ ಬಾಳಿದನು. ಅವನಿಗೆ ಬೇಕಾದಂಥ ಕಾಗದವು ಅಲ್ಲಿ ದೊರೆಯುತ್ತಿರಲಿಲ್ಲ. ಏಡನ್ನಿನ ಸ್ನೇಹಿತರು ಸಕ್ಕರೆ, ಒಣದ್ರಾಕ್ಷಿಗಳ ಜೊತೆಗೆ ಕಾಗದವನ್ನೂ ಕಾಣಿಕೆಯಾಗಿ ಕಳುಹಿಸುತ್ತಿದ್ದರು. ಅದನ್ನು ಅವನು ಬಹಳ ಜತನದಿಂದ ಬಳಸಿ, ಬಂದ ಪತ್ರಗಳ ಹಿಂಭಾಗದಲ್ಲಿ ತನ್ನ ಲೆಕ್ಕಗಳನ್ನು ಬರೆದುಕೊಳ್ಳುತ್ತಿದ್ದನು.

ಪತ್ರಗಳ ಭಾಷೆ ಅರಬ್ಬಿ, ಅಕ್ಷರಗಳು ಇಬ್ರಿಯ. ಇದರಲ್ಲಿ ವಿಚಿತ್ರವೇನೂ ಇಲ್ಲ. ನಮ್ಮಲ್ಲಿಯೂ ಉರ್ದು ಹಾಡುಗಳನ್ನು ಕನ್ನಡ ಅಕ್ಷರಗಳಲ್ಲಿ ಬರೆದುಕೊಂಡು ಹಾಡುವವರಿದ್ದಾರಷ್ಟೆ.

೧೧೪೯ರಲ್ಲಿ ಬೆನ್ ಯಿಜುವು ಮಂಗಳೂರನ್ನು ಬಿಟ್ಟು ಏಡನ್ನಿಗೆ ಹಿಂದಿರುಗಿದನು. ಅದಕ್ಕೆ ಒಂದು ವರ್ಷ ಮುಂಚೆ ಸಿಸಿಲಿಯ ಅರಸನ ಸೈನ್ಯವು ಅವನ ಹುಟ್ಟೂರನ್ನು ಹಿಡಿದಿತ್ತು, ಅಣ್ಣತಮ್ಮಂದಿರು ಚದರಿಹೋಗಿದ್ದರು. ಕಡೆಗೆ ಅವನು ಐಗುಪ್ತವನ್ನು ಸೇರಿದನು. ಅವನ ಕಾಗದಗಳೂ ಅವನೊಡನೆ ಹೋಗಿ ಫುಸ್ತಾತಿನ ಗೆನಿಜಾವನ್ನು ಸೇರಿದವು. ಅವು ಮಂಗಳೂರಿನಲ್ಲಿಯೇ ಉಳಿದಿದ್ದರೆ ಕರಾವಳಿಯ ಮಳೆಗಾಲವು ಅವುಗಳನ್ನು ಎಂದೋ ತಿಂದುಬಿಡುತ್ತಿತ್ತು.

೬. ಅಶು ಮತ್ತು ಬೊಮ್ಮ

ಬೆನ್ ಯಿಜುವಿನ ಕಾಗದಗಳಲ್ಲಿ ನಮ್ಮ ನಾಡಿನ ಇಬ್ಬರ ಹೆಸರುಗಳು ವಿಶೇಷವಾಗಿ ಮನಸ್ಸನ್ನು ಹಿಡಿಯುತ್ತವೆ. ಮೊದಲನೆಯದು ಅಶು ಎಂಬ ದಾಸಿಯ ಹೆಸರು. ೧೧೩೨ನೆಯ ಇಸವಿ ಅಕ್ಟೋಬರ್ ೧೭ನೆಯ ತಾರೀಕಿನಂದು ಮಂಗಳೂರಿನಲ್ಲಿ ಬೆನ್ ಯಿಜುವು ಅವಳನ್ನು ದಾಸ್ಯದಿಂದ ಬಿಡುಗಡೆ ಮಾಡಿ ವಿಮೋಚನ ಪತ್ರವನ್ನು ಬರೆದುಕೊಟ್ಟನು. ಆಶೀರ್ವಾದವೆಂಬ ಅರ್ಥವುಳ್ಳ ಬೆರಾಖಾ ಎಂಬ ಇಬ್ರಿಯ ಹೆಸರನ್ನು ಅವಳಿಗೆ ಕೊಟ್ಟನು. ಅವಳೇ ಅವನ ಮಕ್ಕಳ ತಾಯಿಯೆಂದು ವಿದ್ವಾಂಸರು ತಿಳಿಯುತ್ತಾರೆ. ಮನೆಯೊಡತಿ ಎಂಬರ್ಥದ ಸಿತ್ ಅಲ್ ದಾರ್ ಎಂಬ ಹೆಸರಿನ ಅವನ ಮಗಳು ೧೧೫೬ರಲ್ಲಿ ಫುಸ್ತಾತಿನಲ್ಲಿ ಚಿಕ್ಕಪ್ಪನ ಮಗನನ್ನು ವಿವಾಹವಾದಳು. ಮಂಗಳೂರಿನಲ್ಲಿ ಬೆಳೆದ ಹುಡುಗಿಯು ನೈಲ್ ನದಿಯ ತೀರದಲ್ಲಿ ಮದುಮಗಳಾದಳು.

ಅಶುವಿನ ಹೆಸರು ನಮಗೆ ತಿಳಿದಿದೆ. ಅವಳ ಬಿಡುಗಡೆಯ ದಿನವೂ ತಿಳಿದಿದೆ. ಅವಳ ಒಂದು ಮಾತಾದರೂ ಉಳಿದಿಲ್ಲ. ಗಂಡಸರು ಅವಳ ವಿಷಯವಾಗಿ ಬರೆದರು, ಅವಳು ಬರೆಯಲಿಲ್ಲ. ಅದೇ ಶತಮಾನದಲ್ಲಿ ನಮ್ಮ ಕಲ್ಯಾಣದಲ್ಲಿ ಮೂವತ್ತಕ್ಕಿಂತ ಹೆಚ್ಚು ಮಂದಿ ಶರಣೆಯರು ವಚನಗಳನ್ನು ನುಡಿದರು. ಅಕ್ಕಿಯನ್ನು ಆಯುವವಳು, ನೂಲುವವಳು ಮೊದಲಾಗಿ ಕಾಯಕದ ಹೆಂಗಸರೂ ಅವರಲ್ಲಿದ್ದರು. ಅವರ ನುಡಿಗಳು ತಾಳೆಗರಿಯ ಮೇಲೆ ನಿಂತುದರಿಂದ ಇಂದಿಗೂ ಅವರ ಧ್ವನಿಯು ನಮಗೆ ಕೇಳಿಸುತ್ತದೆ. ಅಕ್ಷರವನ್ನು ಸೇರಿದ ಹೆಣ್ಣಿಗೂ ಅಕ್ಷರದಿಂದ ದೂರ ಉಳಿದ ಹೆಣ್ಣಿಗೂ ಇರುವ ಅಂತರವನ್ನು ಇದಕ್ಕಿಂತ ಸ್ಪಷ್ಟವಾಗಿ ತೋರಿಸುವ ನಿದರ್ಶನ ಬೇಕೇ?

ಎರಡನೆಯ ಹೆಸರು ಬೆನ್ ಯಿಜುವಿನ ವ್ಯಾಪಾರಕ್ಕಾಗಿ ಏಡನ್ನಿಗೂ ಹೋಗಿಬರುತ್ತಿದ್ದ ಸೇವಕನದು. ೧೧೪೮ರಲ್ಲಿ ಏಡನ್ನಿನ ಸ್ನೇಹಿತನೊಬ್ಬನು ಬರೆದ ಪತ್ರದಲ್ಲಿ ಈ ಸೇವಕನಿಗೂ ವಂದನೆಗಳನ್ನು ತಿಳಿಸಿದ್ದಾನೆ. ಅವನ ಹೆಸರು ಬ, ಮ, ಹ ಎಂಬ ಮೂರು ವ್ಯಂಜನಗಳಲ್ಲಿ ಮಾತ್ರ ಬರೆಯಲ್ಪಟ್ಟಿದೆ. ಸ್ವರಗಳಿಲ್ಲದ ಆ ಹೆಸರನ್ನು ಹೇಗೆ ಉಚ್ಚರಿಸಬೇಕು? ಮಹಾಪಂಡಿತರು ಅದನ್ನು ಬಾಮ ಎಂದು ಓದಿ, ಬ್ರಹ್ಮ ಎಂಬ ಶಬ್ದದ ರೂಪವೆಂದು ಊಹಿಸಿದರು. ಬಂಗಾಳಿ ಮನೆತನದ ಲೇಖಕರಾದ ಅಮಿತಾವ್ ಘೋಷರು ಐಗುಪ್ತದ ಹಳ್ಳಿಗಳಲ್ಲಿದ್ದು ಅರಬ್ಬಿಯನ್ನು ಕಲಿತು, ಈ ಪತ್ರಗಳ ಜಾಡನ್ನು ಹಿಡಿದು ಮಂಗಳೂರಿಗೆ ಬಂದರು. ಅಲ್ಲಿ ತುಳು ಜಾನಪದದ ವಿದ್ವಾಂಸರಾದ ಬಿ. ಎ. ವಿವೇಕ ರೈಗಳ ಸಹಾಯದಿಂದ ಆ ಹೆಸರು ಬೊಮ್ಮ ಎಂದು ನಿಶ್ಚಯಿಸಿದರು. ಘೋಷರ ಗ್ರಂಥವು ೧೯೯೨ರಲ್ಲಿ ಪ್ರಕಟವಾಯಿತು.

ಬೊಮ್ಮಣ್ಣ, ಬೊಮ್ಮಯ್ಯ, ಬೊಮ್ಮವ್ವ ಎಂಬ ಹೆಸರುಗಳನ್ನು ನಮ್ಮ ನಾಡಿನ ಹಳ್ಳಿಯ ಮಕ್ಕಳೂ ಬಲ್ಲರು. ಎಂಟು ನೂರು ವರ್ಷಗಳ ಹಿಂದಿನ ಯೆಹೂದ್ಯ ಕಾಗದದ ಒಂದು ಗಂಟು ಬಿಚ್ಚುವುದಕ್ಕೆ ಇಬ್ರಿಯ ಪಾಂಡಿತ್ಯವೂ ಅರಬ್ಬಿಯ ಪಾಂಡಿತ್ಯವೂ ಸಾಲದೆ ಹೋಗಿ, ಈ ನೆಲದ ಮಾತನ್ನು ಬಲ್ಲವರ ಕಿವಿ ಬೇಕಾಯಿತು.

೭. ಪುನಃ ಮನೆಮಾತಾದ ಭಾಷೆ

ಬೊಮ್ಮನ ಹೆಸರಿರುವ ಪತ್ರವು ಮೊಟ್ಟಮೊದಲು ಅಚ್ಚಾದದ್ದು ೧೯೪೨ರಲ್ಲಿ, ಯೆರೂಸಲೇಮಿನಿಂದ ಹೊರಡುತ್ತಿದ್ದ ಸಿಯೋನ್ ಎಂಬ ಇಬ್ರಿಯ ಪತ್ರಿಕೆಯಲ್ಲಿ. ಇದನ್ನು ಓದುವಾಗ ನಾವು ಒಂದು ಕ್ಷಣ ನಿಂತು ಆಲೋಚಿಸಬೇಕು. ಅದಕ್ಕೆ ಅರುವತ್ತು ವರ್ಷಗಳ ಹಿಂದೆ ಇಬ್ರಿಯವು ಪ್ರಾರ್ಥನೆಯಲ್ಲಿಯೂ ಗ್ರಂಥಗಳಲ್ಲಿಯೂ ಇದ್ದ ಭಾಷೆ. ತಾಯಿಯು ಮಗುವಿನೊಡನೆ ಆಡುವ ಭಾಷೆಯಾಗಿರಲಿಲ್ಲ. ೧೮೮೧ರಲ್ಲಿ ಯೆರೂಸಲೇಮಿಗೆ ಬಂದ ಎಲಿಯೇಜರ್ ಬೆನ್ ಯೆಹೂದ ಎಂಬವನು ತನ್ನ ಮನೆಯಲ್ಲಿ ಇಬ್ರಿಯವನ್ನಲ್ಲದೆ ಬೇರೆ ಮಾತನ್ನು ಆಡಕೂಡದೆಂದು ನಿಶ್ಚಯಿಸಿದನು. ಅವನೂ ಅವನ ಹೆಂಡತಿ ದೆವೋರಳೂ ತಮ್ಮ ಮಗನನ್ನು ಆ ಮಾತಿನಲ್ಲಿಯೇ ಬೆಳೆಸಿದರು. ಅವನು ತೊಡಗಿದ ಮಹಾನಿಘಂಟಿನ ಹದಿನೇಳು ಸಂಪುಟಗಳು ಮುಗಿದದ್ದು ಅವನು ತೀರಿಕೊಂಡ ಎಷ್ಟೋ ವರ್ಷಗಳ ಮೇಲೆ, ೧೯೫೯ರಲ್ಲಿ. ಎರಡನೆಯ ಹೆಂಡತಿಯಾದ ಹೆಮ್ದಳು ಗಂಡನ ತರುವಾಯ ಆ ಕೆಲಸವನ್ನು ಕೈಬಿಡದೆ ನಡೆಯಿಸಿದಳು.

ಈ ಹೊಸ ಸಾಹಿತ್ಯದಲ್ಲಿ ಸ್ತ್ರೀಯರ ಪಾಲು ಸಣ್ಣದಲ್ಲ. ದೆವೋರ ಬಾರೋನ್ ಎಂಬವಳು ಧರ್ಮಪಂಡಿತನ ಮಗಳು. ತಂದೆಯು ಹುಡುಗರಿಗೆ ಹೇಳುತ್ತಿದ್ದ ಪಾಠಗಳನ್ನು ಅವಳು ಹೆಂಗಸರ ಭಾಗದಲ್ಲಿ ಕುಳಿತು ಕೇಳಿ ಕಲಿತಳು. ಮುಂದೆ ಇಬ್ರಿಯ ಕಥೆಗಾರ್ತಿಯರಲ್ಲಿ ಮೊದಲಿಗಳೆಂದು ಹೆಸರಾದಳು. ರಾಹೇಲಳೆಂಬ ಕವಯಿತ್ರಿಯು ೧೯೦೯ರಲ್ಲಿ ರಷ್ಯದಿಂದ ಬಂದಾಗ, ಶಿಶುವಿಹಾರದ ಮಕ್ಕಳ ಮಾತುಗಳನ್ನು ಕೇಳಿ ಇಬ್ರಿಯವನ್ನು ಅಭ್ಯಾಸ ಮಾಡಿದಳು. ಲೇಯ ಗೋಲ್ಡ್‌ಬರ್ಗಳು ಜರ್ಮನಿಯ ಬಾನ್ ಪಟ್ಟಣದಲ್ಲಿ ೧೯೩೩ರಲ್ಲಿ ಪಾಂಡಿತ್ಯ ಪದವಿಯನ್ನು ಪಡೆದು, ಕವಯಿತ್ರಿಯಾಗಿದ್ದುಕೊಂಡೇ ಯೆರೂಸಲೇಮಿನ ಇಬ್ರಿಯ ವಿಶ್ವವಿದ್ಯಾಲಯದಲ್ಲಿ ತೌಲನಿಕ ಸಾಹಿತ್ಯದ ವಿಭಾಗವನ್ನು ಸ್ಥಾಪಿಸಿದಳು.

ನಮ್ಮ ಮೂರು ತಾಲೂಕುಗಳ ಹಿರಿಯರಿಗೆ ಈ ವಿಷಯದ ಅರ್ಥವನ್ನು ಬಿಡಿಸಿ ಹೇಳಬೇಕಾಗಿಲ್ಲ. ೧೯೪೮ರ ವರೆಗೆ ನಾವು ನಿಜಾಮರ ಸಂಸ್ಥಾನದಲ್ಲಿದ್ದಾಗ ಕಚೇರಿಯ ಭಾಷೆಯೂ ಉಚ್ಚ ಶಿಕ್ಷಣದ ಭಾಷೆಯೂ ಉರ್ದುವಾಗಿತ್ತು. ಕನ್ನಡವು ಅಡಿಗೆಯ ಮನೆಯಲ್ಲಿಯೂ ಹೊಲದಲ್ಲಿಯೂ ಜೀವದಿಂದಿದ್ದು, ಕಚೇರಿಯ ಹೊಸ್ತಿಲ ಹೊರಗೆ ನಿಂತಿತ್ತು. ಇಬ್ರಿಯದ ಸ್ಥಿತಿಯು ಇದಕ್ಕೆ ವಿಪರೀತ. ಅದು ಪುಸ್ತಕದಲ್ಲಿ ಭದ್ರವಾಗಿದ್ದು, ಅಡಿಗೆಯ ಮನೆಯನ್ನು ಪ್ರವೇಶಿಸಬೇಕಾಗಿತ್ತು. ಭಾಷೆಗೆ ಎರಡು ಕಾಲುಗಳು: ಒಂದು ಮನೆ, ಮತ್ತೊಂದು ಶಾಲೆ. ಒಂದೇ ಕಾಲಿನಲ್ಲಿ ನಿಂತ ಭಾಷೆಯು ಬಹುದೂರ ನಡೆಯಲಾರದು.

ಗೆನಿಜಾದ ಕಾಗದಗಳನ್ನು ಓದುವುದಕ್ಕೆ ತನ್ನ ಆಯುಷ್ಯವನ್ನೇ ಸವೆಯಿಸಿದ ಶ್ಲೋಮೊ ಗೊಯ್ಟೈನ್ (೧೯೦೦–೧೯೮೫) ಈ ನವಜೀವನದಿಂದ ಬೆಳೆದವನು. ಜರ್ಮನಿಯಲ್ಲಿ ಹುಟ್ಟಿ, ೧೯೨೩ರಲ್ಲಿ ಯೆರೂಸಲೇಮಿನ ನಾಡಿಗೆ ಹೋಗಿ, ಶಾಲೆಯಲ್ಲಿ ಉಪಾಧ್ಯಾಯನಾಗಿ ಸತ್ಯವೇದವನ್ನು ಮಕ್ಕಳಿಗೆ ಹೇಗೆ ಕಲಿಸಬೇಕೆಂಬುದನ್ನು ಕುರಿತು ಬರೆದನು. ಇಬ್ರಿಯದಲ್ಲಿ ಒಂದು ನಾ​ಟಕವನ್ನೂ ರಚಿಸಿದನು. ಅವನ ಐದು ಸಂಪುಟಗಳ ಮಹಾಗ್ರಂಥವು ಗೆನಿಜಾದ ಜನರ ಬಾಳನ್ನು ಮನೆಮನೆಯಾಗಿ ವರ್ಣಿಸುತ್ತದೆ. ಹಿಂದೂ ಮಹಾಸಾಗರದ ವ್ಯಾಪಾರಕ್ಕೆ ಸಂಬಂಧಪಟ್ಟ ನಾನೂರಕ್ಕೂ ಹೆಚ್ಚು ಪತ್ರಗಳನ್ನು ಸೇರಿಸಿ ಅವನು ತೊಡಗಿದ ಭಾರತ ಗ್ರಂಥವು ಅವನ ಜೀವಿತಕಾಲದಲ್ಲಿ ಮುಗಿಯಲಿಲ್ಲ. ಶಿಷ್ಯನಾದ ಮೊರ್ದೆಕಾಯ್ ಫ್ರೀಡ್ಮನ್ ಅದನ್ನು ಮುಂದುವರಿಸಿ ೨೦೦೮ರಲ್ಲಿ ಇಂಗ್ಲಿಷಿನಲ್ಲಿಯೂ, ತರುವಾಯ ಇಬ್ರಿಯದಲ್ಲಿಯೂ ಪ್ರಕಟಿಸಿದನು.

೮. ಒಬ್ಬ ತಾಯಿಯ ಪತ್ರ

ಗೊಯ್ಟೈನನು ಬೆಳಕಿಗೆ ತಂದ ಪತ್ರಗಳಲ್ಲಿ ಒಂದನ್ನು ಇಲ್ಲಿ ವಿಶೇಷವಾಗಿ ಹೇಳಬೇಕಾಗಿದೆ. ಮರಣಶಯ್ಯೆಯಲ್ಲಿದ್ದ ಒಬ್ಬ ಯೆಹೂದ್ಯ ಸ್ತ್ರೀಯು ತನ್ನ ಅಕ್ಕತಂಗಿಯರಲ್ಲಿ ಒಬ್ಬಳಿಗೆ ಅದನ್ನು ಬರೆಯಿಸಿದಳು. ತನ್ನ ಚಿಕ್ಕ ಮಗಳನ್ನು ನೋಡಿಕೊಳ್ಳಬೇಕೆಂದೂ, ಅವಳಿಗೆ ವಿದ್ಯೆಯನ್ನು ಕೊಡಿಸಲು ಪ್ರಯತ್ನಿಸಬೇಕೆಂದೂ ಆ ತಾಯಿಯ ಬೇಡಿಕೆ. ಮನೆಯಲ್ಲಿ ಹೊಟ್ಟೆಗೇ ಸಾಲದಿರುವಾಗ ಓದಿಸುವ ಮಾತು ಅತಿಯಾದದ್ದೆಂಬುದು ತನಗೆ ಗೊತ್ತಿದೆಯೆಂದು ಅವಳೇ ಹೇಳುತ್ತಾಳೆ. ಆದರೂ ಬೇಡುತ್ತಾಳೆ, ತಮ್ಮ ತಾಯಿಯ ಆದರ್ಶವನ್ನು ಸೋದರಿಗೆ ನೆನಪುಮಾಡಿಕೊಡುತ್ತಾಳೆ.

ನಮ್ಮ ತಾಲೂಕುಗಳ ತಂದೆತಾಯಿಗಳಿಗೆ ಈ ಪತ್ರದ ಸಂಕಟವು ಹೊಸದಲ್ಲ. ತೊಗರಿಯ ಬೆಳೆ ಕೆಟ್ಟ ವರ್ಷ ಮೊದಲು ಶಾಲೆಯನ್ನು ಬಿಡುವವಳು ಮಗಳು. ತಾಯಿಯು ಕೂಲಿಗೆ ಹೋದರೆ ತೊಟ್ಟಿಲನ್ನು ತೂಗುವವಳು ಮಗಳು. ಓದಿಸುವುದು ತಮ್ಮ ಶಕ್ತಿಗೆ ಮೀರಿದ್ದೆಂದು ಹೇಳುವವರು ಸುಳ್ಳು ಹೇಳುವುದಿಲ್ಲ. ಆ ಯೆಹೂದ್ಯ ತಾಯಿಯೂ ಅದನ್ನೇ ಒಪ್ಪಿಕೊಂಡಳು. ಒಪ್ಪಿಕೊಂಡ ಮೇಲೆಯೂ ಮಗಳ ವಿದ್ಯೆಯನ್ನೇ ತನ್ನ ಕಡೆಯ ಕೋರಿಕೆಯಾಗಿ ಇಟ್ಟಳು. ಆ ಕಾಗದವು ಉಳಿದುದರಿಂದ ಆ ಕೋರಿಕೆ ಇಂದು ನಮ್ಮ ಕಿವಿಗೂ ಬಿದ್ದಿದೆ.

೯. ನಮ್ಮ ಮನೆಗಳಿಗೆ ಇದರ ಅನ್ವಯ

ಈ ಪಾಠದಲ್ಲಿ ಮೂರು ಬಗೆಯ ಜನರನ್ನು ಕಂಡೆವು: ಕಾಗದವನ್ನು ಬಿಸಾಡದೆ ಇಟ್ಟವರು, ಅದನ್ನು ಓದುವುದಕ್ಕೆ ಭಾಷೆಗಳನ್ನು ಕಲಿತವರು, ಅದರಲ್ಲಿರುವ ಹೆಸರನ್ನು ಸರಿಯಾಗಿ ಉಚ್ಚರಿಸಲು ತಮ್ಮ ನೆಲದ ಮಾತನ್ನು ಬಲ್ಲವರು. ಈ ಮೂವರಲ್ಲಿ ಒಬ್ಬರು ಇಲ್ಲದಿದ್ದರೂ ಬೊಮ್ಮನ ಹೆಸರು ನಮಗೆ ತಲಪುತ್ತಿರಲಿಲ್ಲ.

ನಮ್ಮ ನಾಡಿನಲ್ಲಿಯೂ ಹೀಗೆಯೇ ಆಗಿದೆ. ವಿಜಯಪುರದಲ್ಲಿ ವಕೀಲರಾಗಿದ್ದ ಫ. ಗು. ಹಳಕಟ್ಟಿಯವರು (೧೮೮೦–೧೯೬೪) ಊರೂರು ತಿರುಗಿ, ಮನೆಗಳಲ್ಲಿ ಪೂಜೆಗೆ ಮಾತ್ರ ಇಟ್ಟಿದ್ದ ತಾಳೆಗರಿಗಳ ಕಟ್ಟುಗಳನ್ನು ಕೂಡಿಹಾಕಿ, ೧೯೨೩ರಲ್ಲಿ ವಚನಶಾಸ್ತ್ರಸಾರವನ್ನು ಪ್ರಕಟಿಸಿದರು. ಗೆನಿಜಾದವರು ಭಕ್ತಿಯಿಂದ ಇಟ್ಟದ್ದನ್ನು ಪಂಡಿತರು ಓದಿದಂತೆ, ನಮ್ಮ ಹಿರಿಯರು ಭಕ್ತಿಯಿಂದ ಇಟ್ಟದ್ದನ್ನು ಹಳಕಟ್ಟಿಯವರು ಓದಿದರು. ಜೇವರ್ಗಿಗೆ ದೂರವಲ್ಲದ ಭೀಮಾ ತೀರದ ಸನ್ನತಿಯಲ್ಲಿ ೧೯೮೦ರ ದಶಕದಲ್ಲಿ ಗುಡಿಯೊಂದರ ಛಾವಣಿ ಕುಸಿದ ತರುವಾಯ, ದೇವಿಯ ವಿಗ್ರಹಕ್ಕೆ ಪೀಠವಾಗಿದ್ದ ಕಲ್ಲಿನ ಮೇಲೆ ಅಶೋಕ ಚಕ್ರವರ್ತಿಯ ಶಾಸನವಿರುವುದು ಕಂಡುಬಂತು. ಎಷ್ಟೋ ತಲೆಮಾರುಗಳ ಜನರು ಅದಕ್ಕೆ ಕೈಮುಗಿದಿದ್ದರು, ಓದಿದವರು ಇರಲಿಲ್ಲ.

ಆದುದರಿಂದ ಸೋದರಿಯರೇ, ನಿಮ್ಮ ಮನೆಯ ಗಂಟನ್ನು ಬೆಂಕಿಗೆ ಹಾಕಗೊಡಬೇಡಿರಿ. ಅದನ್ನು ಒಣಗಿದ ಸ್ಥಳದಲ್ಲಿ ಇಡಿರಿ. ಮನೆಯಲ್ಲಿ ಉರ್ದುವನ್ನೋ ಮೋಡಿಯನ್ನೋ ಬಲ್ಲ ಅಜ್ಜನಿರುವಲ್ಲಿ, ಆತನು ಇರುವಾಗಲೇ ಆತನ ಬಳಿಯಲ್ಲಿ ಕುಳಿತು ಓದಿಸಿಕೊಳ್ಳಿರಿ. ಅಜ್ಜಿಯರ ಹಾಡುಗಳನ್ನು ಬರೆದುಕೊಳ್ಳಿರಿ. ತಂದೆತಾಯಿಗಳೇ, ಆ ಕೆಲಸಕ್ಕೆ ನಿಮ್ಮ ಹೆಣ್ಣುಮಕ್ಕಳು ಗಂಡುಮಕ್ಕಳಿಗಿಂತ ಕಡಿಮೆಯವರಲ್ಲ. ಒಂದು ಭಾಷೆಯನ್ನು ಹೆಚ್ಚಾಗಿ ಕಲಿತ ಮಗಳು ನಿಮ್ಮ ಮನೆಗೆ ಒಂದು ಬಾಗಿಲನ್ನು ಹೆಚ್ಚಾಗಿ ತೆರೆದಂತೆ.

ಮನನಕ್ಕಾಗಿ ಪ್ರಶ್ನೆಗಳು

೧. ಗೆನಿಜಾದ ಕಾಗದಗಳು ಉಳಿದದ್ದಕ್ಕೆ ಧರ್ಮದ ಕಾರಣವೇನು, ಹವೆಯ ಕಾರಣವೇನು?

೨. ಲೂಯಿಸ್ ಮತ್ತು ಗಿಬ್ಸನ್ ಸೋದರಿಯರು ಯಾವ ಅಡ್ಡಿಗಳ ನಡುವೆ ವಿದ್ಯೆಯನ್ನು ಸಾಧಿಸಿದರು?

೩. ಬ, ಮ, ಹ ಎಂಬ ವ್ಯಂಜನಗಳನ್ನು ಬೊಮ್ಮ ಎಂದು ಓದುವುದಕ್ಕೆ ಇಬ್ರಿಯ ಪಾಂಡಿತ್ಯವು ಮಾತ್ರ ಏಕೆ ಸಾಲಲಿಲ್ಲ?

೪. ೧೮೮೧ರ ಇಬ್ರಿಯಕ್ಕೂ ೧೯೪೮ಕ್ಕೆ ಹಿಂದಿನ ನಮ್ಮ ಭಾಗದ ಕನ್ನಡಕ್ಕೂ ಇದ್ದ ವ್ಯತ್ಯಾಸವೇನು?

೫. ನಿಮ್ಮ ಮನೆಯಲ್ಲಿ ಇರುವ ಅತ್ಯಂತ ಹಳೆಯ ಬರಹ ಯಾವುದು? ಅದರಲ್ಲಿ ಯಾವ ಹೆಂಗಸಿನ ಹೆಸರಾದರೂ ಇದೆಯೇ?